ಒಡೆಸ್ಸಾದಿಂದ ಬಂದ ಡ್ಯಾನ್ಸ್ ಮೇಷ್ಟ್ರು

ನ್ಯೂಜೆರ್ಸಿಯಲ್ಲಿ ನಾವೊಂದಷ್ಟು ಕನ್ನಡದವರು ತಿಂಗಳಿಗೊಂದ್ಸಲ ಲೈಬ್ರರಿ ಹಾಲ್‌ನಲ್ಲಿ ಸೇರ್ತೀವಿ, ಪ್ರತಿ ಸಲ ಯಾರಾದ್ರೂ ಒಬ್ರು ತಮಗೆ ಇಷ್ಟವಾದ ವಿಷಯದ ಬಗ್ಗೆ ಮಾತಾಡ್ಬೇಕು. ಈ ಸಲ ನನ್ನ ಸರದಿ. ಬರೋಕಾಗದೆ ಇದ್ದೋರು ಬರೆದು ಕಳಿಸಿ ಅಂತ ಕೇಳಿದ್ರು, ಹಾಗಾಗಿ ಅವತ್ತು ಹೇಗೆ ಮಾತಾಡಿದ್ನೋ ಹೆಚ್ಚುಕಮ್ಮಿ ಹಾಗೇ ಬರೀತಿದೀನಿ. ಅವಸರದಲ್ಲಿ ಬಿಟ್ಟುಹೋಗಿದ್ದ ಒಂದೆರಡು ವಿಷಯ ಸೇರಿಸಿದೀನಿ ಅಷ್ಟೆ.

ಎಲ್ಲರಿಗೂ ನಮಸ್ಕಾರ.

ಗಾರ್ಡನ್ ಸ್ಟೇಟ್ ಪಾರ್ಕ್‌ವೇಯಲ್ಲಿ ಉತ್ತರಕ್ಕೆ ಹೋಗ್ತಾ ರೂಟ್ 80 ಕ್ರಾಸ್ ಆಗೋ ಹತ್ರ ಸ್ಯಾಡಲ್ ಬ್ರೂಕ್ ಅಂತ ಒಂದು ಸಣ್ಣ ಊರು ಸಿಗತ್ತೆ, ನಿಮ್ಮಲ್ಲಿ ಎಷ್ಟೋ ಜನ ಆ ಎಕ್ಸಿಟ್ ದಾಟಿಕೊಂಡು ದಿನಾ ಆಫೀಸಿಗೆ ಹೋಗ್ತೀರ. 1990ರ ದಶಕದಲ್ಲಿ ಆ ಊರಲ್ಲಿ ಒಬ್ಬ ಅಪ್ಪ ಮತ್ತೆ ಅವನ ಹದಿಹರೆಯದ ಮಗ ಸೇರಿ ಮಕ್ಕಳಿಗೆ ಬಾಲ್‌ರೂಮ್ ಡ್ಯಾನ್ಸ್, ಅಂದ್ರೆ ಇಬ್ರು ಜೋಡಿಯಾಗಿ ಕುಣಿಯೋ ಡ್ಯಾನ್ಸ್, ಕಲಿಸೋ ಸ್ಕೂಲ್ ತೆಗೆದ್ರು, ಹೆಸರು ರೈಸಿಂಗ್ ಸ್ಟಾರ್ಸ್ ಡ್ಯಾನ್ಸ್ ಅಕಾಡೆಮಿ. ಆ ಹುಡುಗನಿಗೆ ಆಗ ಹದಿನಾರರ ಆಸುಪಾಸು ವಯಸ್ಸು. ಅಮೆರಿಕಕ್ಕೆ ಬಂದು ಎರಡು ವರ್ಷ ಆಗಿತ್ತು ಅಷ್ಟೆ. ನಮ್ಮ ಮಕ್ಕಳು ಆ ವಯಸ್ಸಲ್ಲಿ ಡ್ರೈವಿಂಗ್ ಪರ್ಮಿಟ್ ತಗೊಳೋಕೆ ಓಡಾಡ್ತಿರ್ತಾರೆ, ಈ ಹುಡುಗ ಮೇಷ್ಟ್ರಾಗಿದ್ದ.

ಹೆಸರು ಮ್ಯಾಕ್ಸಿಮ್ ಚ್ಮೆರ್ಕೋವ್ಸ್ಕಿ. ಎಲ್ಲರೂ ಮ್ಯಾಕ್ಸ್ ಅಂತಾರೆ. ‘ಡ್ಯಾನ್ಸಿಂಗ್ ವಿತ್ ದ ಸ್ಟಾರ್ಸ್’ ನೋಡಿದವರಿಗೆ ನಾನು ಹೇಳಬೇಕಾಗಿಲ್ಲ. ನೋಡದೆ ಇರೋರಿಗೆ ಒಂದೇ ಮಾತಲ್ಲಿ ಹೇಳ್ತೀನಿ: ಒಬ್ಬ ಹೆಸರುವಾಸಿ ವ್ಯಕ್ತಿ, ಆಟಗಾರ್ತಿಯೋ ನಟಿಯೋ ಹಾಡುಗಾರ್ತಿಯೋ, ಡ್ಯಾನ್ಸ್ ಬಾರದವರು, ಅವರಿಗೆ ಒಬ್ಬ ಪ್ರೊಫೆಷನಲ್ ಡ್ಯಾನ್ಸರ್ ಜೋಡಿ, ವಾರಕ್ಕೊಂದು ಹೊಸ ಡ್ಯಾನ್ಸ್, ಜಡ್ಜ್‌ಗಳ ಮಾರ್ಕ್ಸು, ಜನರ ಓಟು, ವಾರವಾರ ಒಬ್ರು ಮನೆಗೆ. 2004ರಲ್ಲಿ ಬ್ರಿಟನ್ನಿನ ಬಿಬಿಸಿಯಲ್ಲಿ ಶುರುವಾದ ಶೋ, 2005ರ ಜೂನಲ್ಲಿ ಎಬಿಸಿ ಚಾನೆಲ್ ಮೂಲಕ ಅಮೆರಿಕಕ್ಕೆ ಬಂತು, ಮಾರನೇ ವರ್ಷವೇ ನಮ್ಮ ಇಂಡಿಯಾದಲ್ಲಿ ‘ಝಲಕ್ ದಿಖಲಾ ಜಾ’ ಅಂತ ಆಯ್ತು. ಎಲ್ಲ ಒಂದೇ ಬೀಜದ ಗಿಡಗಳು.

ನಾನು ಇದನ್ನ ನೋಡೋಕೆ ಶುರು ಮಾಡಿದ್ದು 2006ರಲ್ಲಿ. ಆಗ ನಾನು ಎಚ್-4 ವೀಸಾದಲ್ಲಿದ್ದೆ, ಕೆಲಸ ಮಾಡೋ ಹಾಗಿರ್ಲಿಲ್ಲ, ಎಂಟು ವರ್ಷ ಭರತನಾಟ್ಯ ಕಲಿತ ಮೈ ಸೋಫಾ ಮೇಲೆ ಕೂತು ಕೂತು ಜಡ ಹಿಡಿದಿತ್ತು. ಈ ಪ್ರೊಫೆಷನಲ್ ಡ್ಯಾನ್ಸರ್‌ಗಳು ಯಾರು ಎಲ್ಲಿಂದ ಬಂದ್ರು ಅಂತ ಹುಡುಕೋಕೆ ಶುರು ಮಾಡಿದ್ದು ಆಗಲೇ, ಹುಡುಕಿದಾಗ ಗೊತ್ತಾಗಿದ್ದು ಏನಂದ್ರೆ, ಅವರಲ್ಲಿ ಎಷ್ಟೋ ಜನ ನಮ್ಮ ಹಾಗೇನೇ ಸೂಟ್‌ಕೇಸ್ ಹಿಡ್ಕೊಂಡು ಬಂದವರು. ಮೊದಲನೇ ಸೀಸನ್‌ನಲ್ಲಿ ಆರು ಜನ ಪ್ರೊಫೆಷನಲ್‌ಗಳಿದ್ರು, ಅದರಲ್ಲಿ ನಾಲ್ಕು ಜನ ಅಮೆರಿಕದ ಹೊರಗೆ ಹುಟ್ಟಿದವರು: ಒಬ್ಬರು ಪೋಲೆಂಡ್, ಒಬ್ಬರು ನೆದರ್ಲೆಂಡ್ಸ್, ಒಬ್ಬರು ಡೆನ್ಮಾರ್ಕ್, ಇನ್ನೊಬ್ಬರು ಬೆಲಾರೂಸ್. ಆಮೇಲೆ ಬಂದವರಲ್ಲಿ ಕರೀನಾ ಸ್ಮಿರ್ನಾಫ್ ಯುಕ್ರೇನಿನ ಖಾರ್ಕಿವ್‌ನವಳು, ಟೋನಿ ಡೊವೊಲಾನಿ ಕೊಸೊವೊದವನು, ಹದಿನೈದನೇ ವಯಸ್ಸಲ್ಲಿ ಬಂದವನು.

ಯಾಕೆ ಇಷ್ಟೊಂದು ಜನ ಪೂರ್ವ ಯುರೋಪ್ ಕಡೆಯವರೇ? ಇದಕ್ಕೆ ಕಾರಣ ಇದೆ, ಸ್ವಲ್ಪ ನಿಧಾನವಾಗಿ ಹೇಳ್ತೀನಿ.

ಸೋವಿಯತ್ ಕಾಲದಲ್ಲಿ ಊರೂರಿಗೂ ಸರ್ಕಾರದ ಸಾಂಸ್ಕೃತಿಕ ಭವನಗಳಿದ್ವು, ಅಲ್ಲಿ ಚೆಸ್ ಹೇಗೋ ಜಿಮ್ನಾಸ್ಟಿಕ್ಸ್ ಹೇಗೋ ಹಾಗೆ ಬಾಲ್‌ರೂಮ್ ಡ್ಯಾನ್ಸನ್ನೂ ಮಕ್ಕಳಿಗೆ ಕಲಿಸೋರು. ಗಂಡುಮಕ್ಕಳನ್ನ ಡ್ಯಾನ್ಸ್ ಕ್ಲಾಸಿಗೆ ಕಳಿಸೋದು ಅಲ್ಲಿ ಮುಜುಗರದ ವಿಷಯ ಆಗಿರ್ಲಿಲ್ಲ. ಮ್ಯಾಕ್ಸ್ ಹುಟ್ಟಿದ್ದು 1980ರ ಜನವರಿ 17, ಕಪ್ಪು ಸಮುದ್ರದ ದಡದ ಒಡೆಸ್ಸಾ ಬಂದರಿನಲ್ಲಿ. ನಾಲ್ಕನೇ ವಯಸ್ಸಿಗೆ ಡ್ಯಾನ್ಸ್ ಕ್ಲಾಸು. ನಡುವೆ ಸ್ಕೀ ಮಾಡೋಕೆ ಹೋಗಿ ಕಾಲು ಕೆಟ್ಟದಾಗಿ ಮುರಿದುಕೊಂಡ, ವಾಸಿ ಮಾಡ್ಕೊಂಡು ಮತ್ತೆ ಫ್ಲೋರಿಗೆ ಬಂದ. ಆಮೇಲೆ ಸೋವಿಯತ್ ಒಕ್ಕೂಟವೇ ಮುರಿದುಬಿತ್ತು. 1994ರಲ್ಲಿ ಅಪ್ಪ ಸಾಶಾ, ಅಮ್ಮ ಲಾರಿಸಾ, ಹದಿನಾಲ್ಕರ ಮ್ಯಾಕ್ಸ್, ಎಂಟರ ತಮ್ಮ ವ್ಯಾಲ್, ನಾಲ್ಕೂ ಜನ ನ್ಯೂಯಾರ್ಕಿನ ಬ್ರೂಕ್ಲಿನ್‌ಗೆ ಬಂದಿಳಿದ್ರು. ಬ್ರೂಕ್ಲಿನ್ನಿನ ಬ್ರೈಟನ್ ಬೀಚ್ ಕಡೆಗೆ ‘ಲಿಟಲ್ ಒಡೆಸ್ಸಾ’ ಅಂತಲೇ ಹೆಸರಿದೆ, ಅಷ್ಟು ಜನ ಅಲ್ಲಿಂದ ಬಂದು ಸೇರಿದಾರೆ, ನಮ್ಮವರು ನ್ಯೂಜೆರ್ಸಿಯ ಎಡಿಸನ್‌ನಲ್ಲಿ ಸೇರಿದ ಹಾಗೆ.

ಬಂದವರ ಕೈಲಿ ದುಡ್ಡಿಲ್ಲ, ಬಾಯಲ್ಲಿ ಇಂಗ್ಲಿಷ್ ಇಲ್ಲ. ಇದ್ದಿದ್ದು ಮೈಯಲ್ಲಿ ಕೂತಿದ್ದ ವಿದ್ಯೆ. ಕಲಿತ ವಿದ್ಯೆ ಕೈಬಿಡಲ್ಲ ಅಂತೀವಲ್ಲ, ಆದ್ರೆ ನಿಜ ಹೇಳಬೇಕಂದ್ರೆ ಎಷ್ಟೋ ವಿದ್ಯೆಗಳು ಗಡಿ ದಾಟಿದ ಕೂಡ್ಲೆ ಕೈಬಿಡ್ತವೆ. ಅಲ್ಲಿ ಡಾಕ್ಟರ್ ಆಗಿದ್ದೋರು ಇಲ್ಲಿ ಮತ್ತೆ ಪರೀಕ್ಷೆ ಬರೀಬೇಕು, ಲಾಯರ್ ಆಗಿದ್ದೋರು ಮೊದಲಿಂದ ಓದಬೇಕು, ಇದನ್ನ ಈ ಹಾಲ್‌ನಲ್ಲಿ ಇರೋರೇ ಅನುಭವಿಸಿದೀರಿ. ಡ್ಯಾನ್ಸಿಗೆ ಹಾಗಿಲ್ಲ. ಒಡೆಸ್ಸಾದ ಚಾಚಾ ಡ್ಯಾನ್ಸ್ ಬ್ರೂಕ್ಲಿನ್‌ನಲ್ಲೂ ಚಾಚಾನೇ, ಯಾಕಂದ್ರೆ ಬಾಲ್‌ರೂಮಿನ ಇಂಟರ್‌ನ್ಯಾಷನಲ್ ಸ್ಪರ್ಧೆಗಳಿಗೆ ಎಲ್ಲ ಕಡೆ ಅವೇ ಡ್ಯಾನ್ಸ್‌ಗಳು: ಲ್ಯಾಟಿನ್‌ನಲ್ಲಿ ಐದು, ಚಾಚಾ, ಸಾಂಬಾ, ರುಂಬಾ, ಪಾಸೋ ಡೋಬ್ಲೆ, ಜೈವ್, ಸ್ಟ್ಯಾಂಡರ್ಡ್‌ನಲ್ಲಿ ಐದು, ವಾಲ್ಟ್ಜ್, ಟ್ಯಾಂಗೋ, ವಿಯೆನ್ನೀಸ್ ವಾಲ್ಟ್ಜ್, ಫಾಕ್ಸ್‌ಟ್ರಾಟ್, ಕ್ವಿಕ್‌ಸ್ಟೆಪ್. ಹೆಜ್ಜೆಗಳ ಹೆಸರೂ ಒಂದೇ. ಇಂಗ್ಲೆಂಡಿನ ಬ್ಲ್ಯಾಕ್‌ಪೂಲ್‌ನಲ್ಲಿ 1920ರಿಂದ ನಡೀತಿರೋ ಸ್ಪರ್ಧೆಗೆ ಜಪಾನಿನವರು ಬರಲಿ, ಇಟಲಿಯವರು ಬರಲಿ, ಫ್ಲೋರ್ ಮೇಲೆ ಎಲ್ಲರೂ ಒಂದೇ ಭಾಷೆ ಮಾತಾಡ್ತಾರೆ.

ಇನ್ನೊಂದು ಕಾರಣ ಅಮೆರಿಕದ್ದೇ. ಇಲ್ಲಿ ಬಾಲ್‌ರೂಮ್ ಅನ್ನೋದು ಒಂದು ದೊಡ್ಡ ಟ್ಯೂಷನ್ ವ್ಯಾಪಾರ. ಅರ್ಥರ್ ಮರ್ರಿ ಸ್ಟುಡಿಯೋ ಅಂತ ಬೋರ್ಡು ಎಲ್ಲ ಕಡೆ ನೋಡಿರ್ತೀರಿ. ಆ ಅರ್ಥರ್ ಮರ್ರಿ ಯಾರು ಗೊತ್ತಾ? 1895ರಲ್ಲಿ ಹುಟ್ಟಿದಾಗ ಅವನ ಹೆಸರು ಮೋಸೆಸ್ ಟೈಕ್‌ಮನ್, ಹುಟ್ಟಿದ ಊರು ಇವತ್ತಿನ ಯುಕ್ರೇನ್‌ನಲ್ಲಿದೆ, ಆಗ ಅದು ಆಸ್ಟ್ರಿಯಾ-ಹಂಗೇರಿ ಸಾಮ್ರಾಜ್ಯ. ಕೂಸಾಗಿದ್ದಾಗ ಅಮೆರಿಕಕ್ಕೆ ಬಂದವನು. ಕಾಗದದ ಮೇಲೆ ಪಾದದ ಗುರುತು ಪ್ರಿಂಟ್ ಮಾಡಿ ಪೋಸ್ಟಲ್ಲಿ ಕಳಿಸಿ ಮನೆಮನೆಗೆ ಡ್ಯಾನ್ಸ್ ಕಲಿಸಿದ, 1950ರಿಂದ 1960ರವರೆಗೆ ಹೆಂಡತಿ ಕ್ಯಾಥರಿನ್ ಜೊತೆ ಟೀವಿ ಶೋ ನಡೆಸಿದ. ಅಂದ್ರೆ ಮ್ಯಾಕ್ಸ್‌ಗಿಂತ ಅರ್ಧ ಶತಮಾನ ಮುಂಚೆನೇ ಅದೇ ಸೀಮೆಯಲ್ಲಿ ಹುಟ್ಟಿದ ಒಬ್ಬ ವಲಸಿಗ ಅಮೆರಿಕದ ಟೀವಿಯಲ್ಲಿ ಡ್ಯಾನ್ಸ್ ಮೇಷ್ಟ್ರಾಗಿದ್ದ. ಇದು ಗೊತ್ತಾದ ದಿನ ನನಗೆ ತುಂಬ ಖುಷಿಯಾಗಿತ್ತು.

ಈ ಸ್ಟುಡಿಯೋಗಳಲ್ಲಿ ಪ್ರೋ-ಆಮ್ ಅಂತ ಒಂದು ಪದ್ಧತಿ. ದುಡ್ಡು ಕೊಟ್ಟು ಕಲಿಯೋ ಸ್ಟೂಡೆಂಟ್, ಆಕೆ ಅರವತ್ತರ ಅಜ್ಜಿನೇ ಇರಲಿ, ತನ್ನ ಮೇಷ್ಟ್ರ ಜೊತೆನೇ ಸ್ಪರ್ಧೆಯಲ್ಲಿ ಕುಣೀತಾಳೆ. ಮಾರ್ಕ್ಸ್ ಸ್ಟೂಡೆಂಟಿಗೆ ಮಾತ್ರ. ಮೇಷ್ಟ್ರು ಎಷ್ಟು ಚೆನ್ನಾಗಿ ಕುಣಿದ್ರೂ ಅವರ ಲೆಕ್ಕ ಇಲ್ಲ. ಈಗ ಯೋಚ್ನೆ ಮಾಡಿ, ‘ಡ್ಯಾನ್ಸಿಂಗ್ ವಿತ್ ದ ಸ್ಟಾರ್ಸ್’ ಅಂದ್ರೆ ಇದೇ ಅಲ್ವಾ? ಪ್ರೋ-ಆಮ್‌ಗೆ ಲೈಟು ಕ್ಯಾಮರಾ ಬ್ಯಾಂಡ್ ಸೇರಿಸಿದ್ರೆ ಆ ಶೋ. ಪೂರ್ವ ಯುರೋಪಿನಿಂದ ಬಂದ ಹುಡುಗ ಹುಡುಗಿಯರು ಆಗಲೇ ಸ್ಟುಡಿಯೋಗಳಲ್ಲಿ ಇದೇ ಕೆಲಸ ಮಾಡ್ಕೊಂಡಿದ್ರು, ಟೀವಿಯವರು ಬಂದು ಬಾಗಿಲು ತಟ್ಟಿದಾಗ ಅವರು ರೆಡಿ ಇದ್ರು.

ನಾನು ಇವತ್ತು ಹೇಳಬೇಕು ಅಂತ ಬಂದಿರೋದು ಇದೇ. ಟೀವಿ ಮ್ಯಾಕ್ಸ್‌ನ ಹೀರೋ ಮಾಡ್ತು, ಶರ್ಟ್ ಬಿಚ್ಚಿಸ್ತು, ‘ಬ್ಯಾಡ್ ಬಾಯ್’ ಅಂತ ಹೆಸರಿಡ್ತು. ನನ್ನ ಕಣ್ಣಿಗೆ ಅವನು ಯಾವತ್ತೂ ಒಬ್ಬ ಮೇಷ್ಟ್ರು, ಅವನ ಇಡೀ ಕೆರಿಯರನ್ನ ಮೇಷ್ಟ್ರ ಕೆರಿಯರ್ ಅಂತ ನೋಡಿದ್ರೆನೇ ಅದು ಸರಿಯಾಗಿ ಅರ್ಥ ಆಗೋದು.

ಮ್ಯಾಕ್ಸ್ ಶೋಗೆ ಬಂದಿದ್ದು 2006ರ ಎರಡನೇ ಸೀಸನ್‌ಗೆ, ನಟಿ ಟಿಯಾ ಕರೆರೆ ಜೊತೆ. ಆಮೇಲೆ ಮುಹಮ್ಮದ್ ಅಲಿ ಮಗಳು, ಬಾಕ್ಸರ್ ಲೈಲಾ ಅಲಿ ಜೊತೆ ಮೂರನೇ ಸ್ಥಾನ. ಸ್ಪೈಸ್ ಗರ್ಲ್ಸ್ ಹಾಡಿನ ತಂಡದ ಮೆಲ್ ಬಿ ಜೊತೆ ಎರಡನೇ ಸ್ಥಾನ. 2008ರಲ್ಲಿ ಬೀಜಿಂಗ್ ಒಲಿಂಪಿಕ್ಸ್‌ನಲ್ಲಿ ಬೀಚ್ ವಾಲಿಬಾಲ್ ಚಿನ್ನ ಗೆದ್ದು ಬಂದ ಮಿಸ್ಟಿ ಮೇ-ಟ್ರೀನರ್ ಜೋಡಿ ಆದಳು, ಜೈವ್ ಪ್ರಾಕ್ಟೀಸ್‌ನಲ್ಲಿ ಅವಳ ಹಿಮ್ಮಡಿಯ ಸ್ನಾಯುರಜ್ಜು ಹರಿದು ಅಲ್ಲಿಗೇ ನಿಂತುಹೋಯ್ತು. 2010ರಲ್ಲಿ ಸ್ಪೋರ್ಟ್ಸ್ ವರದಿಗಾರ್ತಿ ಎರಿನ್ ಆಂಡ್ರೂಸ್ ಜೊತೆ ಮತ್ತೆ ಮೂರನೇ ಸ್ಥಾನ. 2011ರಲ್ಲಿ ನಟಿ ಕರ್ಸ್ಟಿ ಆಲಿ ಜೊತೆ ಮತ್ತೆ ಎರಡನೇ ಸ್ಥಾನ. ಬಾಕ್ಸರ್ ಮೈ ಬೇರೆ, ವಾಲಿಬಾಲ್ ಆಡೋ ಮೈ ಬೇರೆ, ಅರವತ್ತು ದಾಟಿದ ನಟಿಯ ಮೈ ಬೇರೆ. ಪ್ರತಿ ಸೀಸನ್‌ಗೂ ಅ ಆ ಇ ಈ ಇಂದ ಶುರು. ವಾರಕ್ಕೊಂದು ಹೊಸ ಹಾಡು, ಅದಕ್ಕೆ ಒಂದೂವರೆ ನಿಮಿಷದ ಕೊರಿಯೋಗ್ರಫಿ ತಾನೇ ಕಟ್ಟಬೇಕು, ಕಲಿಸಬೇಕು, ಅವರ ಭಯ ಬಿಡಿಸಬೇಕು, ಅವರ ತಪ್ಪು ಜನಕ್ಕೆ ಕಾಣದ ಹಾಗೆ ತನ್ನ ಮೈ ಅಡ್ಡ ಇಡಬೇಕು, ಇಷ್ಟೆಲ್ಲ ಮಾಡಿ ನಗ್ತಾ ನಿಂತ್ಕೋಬೇಕು.

ಕಲಿಸೋದು ಅಂದ್ರೆ ಎಷ್ಟು ಕಷ್ಟ ಅನ್ನೋದು ನಾನೇ ಕ್ಲಾಸಿಗೆ ಸೇರಿದ ಮೇಲೆ ಗೊತ್ತಾಯ್ತು. ನಲವತ್ತು ದಾಟಿದ ಮೇಲೆ ಮನೆ ಹತ್ರದ ಒಂದು ಸಣ್ಣ ಸ್ಟುಡಿಯೋಗೆ ಹೋದೆ, ಅಲ್ಲಿ ನಮ್ಮ ಮೇಷ್ಟ್ರೂ ಪೂರ್ವ ಯುರೋಪ್ ಕಡೆಯಿಂದ ಬಂದವರೇ. ಕ್ಲಾಸಿಗೆ ಮುಂಚೆ ಅವರು ಮೂಲೆಯಲ್ಲಿ ಬೆಂಚ್ ಮೇಲೆ ಕೂತು ಶೂ ತಿರುಗಿಸಿಕೊಂಡು ತಂತಿ ಬ್ರಶ್‌ನಲ್ಲಿ ಅದರ ಅಡಿ ಉಜ್ತಾ ಇರೋರು. ಡ್ಯಾನ್ಸ್ ಶೂಗೆ ಅಡಿಯಲ್ಲಿ ಸ್ವೇಡ್, ಅಂದ್ರೆ ರೋಮ ಇರೋ ಮೆತ್ತನೆ ಚರ್ಮ, ಇರತ್ತೆ, ಕುಣಿದು ಕುಣಿದು ಅದು ನುಣ್ಣಗಾಗಿ ಜಾರೋಕೆ ಶುರುವಾಗತ್ತೆ, ಬ್ರಶ್ ಉಜ್ಜಿದ್ರೆ ರೋಮ ಎದ್ದು ಮತ್ತೆ ಹಿಡಿತ ಬರತ್ತೆ. ಚಿಕ್ಕಂದಿನಲ್ಲಿ ಗೆಜ್ಜೆಯನ್ನ ಕಣ್ಣಿಗೊತ್ತಿಕೊಂಡು ಕಟ್ಟಿಕೊಳ್ತಿದ್ದೆವಲ್ಲ, ನನಗೆ ಅದೇ ನೆನಪಾಗ್ತಿತ್ತು.

ಮೊದಲು ರುಂಬಾ ಕಲಿಸಿದ್ರು. ಭರತನಾಟ್ಯದವಳಿಗೆ ರುಂಬಾ ದೊಡ್ಡ ಪರೀಕ್ಷೆ. ಅರೆಮಂಡಿಯಲ್ಲಿ, ಅಂದ್ರೆ ಮಂಡಿ ಬಗ್ಗಿಸಿ ಅರ್ಧ ಕೂತ ಭಂಗಿಯಲ್ಲಿ, ಸೊಂಟ ಅಲ್ಲಾಡಬಾರದು ಅಂತ ನಮ್ಮ ಟೀಚರ್ ಕೋಲು ಹಿಡ್ಕೊಂಡು ನಿಂತಿರೋರು, ಇಲ್ಲಿ ಎಲ್ಲ ಉಲ್ಟಾ. ಮುಂದಿಟ್ಟ ಕಾಲಿನ ಮಂಡಿ ನೇರ ಆಗಬೇಕು, ಮೈಭಾರ ಪೂರ್ತಿ ಅದರ ಮೇಲೆ ಹೋಗಬೇಕು, ಆಗ ಸೊಂಟ ತಾನಾಗೇ ಪಕ್ಕಕ್ಕೆ ಹೋಗಿ ಕೂರತ್ತೆ. ಅದನ್ನ ಬೇಕಂತ ಅಲ್ಲಾಡಿಸಿದ್ರೆ ತಪ್ಪು. ಅದಕ್ಕಿಂತ ನನ್ನ ತಲೆ ಕೆಡಿಸಿದ್ದು ಲೆಕ್ಕ. ರುಂಬಾದಲ್ಲಿ ಹೆಜ್ಜೆ ಇಡೋದು ಎರಡು, ಮೂರು, ನಾಲ್ಕಕ್ಕೆ. ಒಂದಕ್ಕೆ ಹೆಜ್ಜೆ ಇಲ್ಲ! ನಮಗೆ ಸಮ, ಅಂದ್ರೆ ತಾಳದ ಮೊದಲ ಏಟು, ಬಂದ್ರೆ ತಟ್ಟು, ಎಲ್ಲ ಅಲ್ಲಿಂದಲೇ ಶುರು, ಅಲ್ಲಿಗೇ ಮುಗಿಯೋದು. ಇಲ್ಲಿ ಸಮ ಬಂದಾಗ ಕಾಲು ಸುಮ್ನಿರತ್ತೆ, ಸೊಂಟ ಮಾತ್ರ ನಿಧಾನಕ್ಕೆ ಕೂರತ್ತೆ. ಮೂರು ವಾರ ನನ್ನ ಬಲಗಾಲು ಒಂದಕ್ಕೆ ತಟ್ಟಿ ತಟ್ಟಿ ಬೀಳ್ತಿತ್ತು. ಮೇಷ್ಟ್ರಿಗೆ ಇಂಗ್ಲಿಷ್ ಅಷ್ಟಕ್ಕಷ್ಟೆ, ನನಗೆ ಅವರ ಭಾಷೆ ಬರಲ್ಲ, ಅವರು ನನ್ನ ಬೆನ್ನಿನ ಎಡಗಡೆ ರೆಕ್ಕೆ ಮೂಳೆ ಮೇಲೆ ಅಂಗೈ ಇಟ್ಟು, ಒಂದು ಅನ್ನೋ ಹೊತ್ತಿಗೆ ಸ್ವಲ್ಪವೇ ಸ್ವಲ್ಪ ಹಿಡಿದು ನಿಲ್ಲಿಸೋರು. ಮಾತಿಲ್ಲ. ನಾಲ್ಕನೇ ವಾರ ಒಂದಿನ ಕಾಲು ತಾನಾಗೇ ಕಾಯ್ತು. ಆ ಕೈಗೆ ಅಷ್ಟು ಗೊತ್ತಿತ್ತು.

ಟೀವಿಯಲ್ಲಿ ನೋಡುವಾಗ ಈಗ ನನ್ನ ಕಣ್ಣು ಅಲ್ಲಿಗೇ ಹೋಗೋದು, ಜೋಡಿಯ ಬೆನ್ನ ಮೇಲಿರೋ ಆ ಬಲಗೈಗೆ. ಮ್ಯಾಕ್ಸ್‌ನ ಬಲಗೈ ನೋಡಿ, ಜೋಡಿಯವರು ಹೆಜ್ಜೆ ಮರೆತ ಕ್ಷಣ ಅದು ಹೇಗೆ ಬಿಗಿಯಾಗತ್ತೆ, ಹೇಗೆ ದಾರಿ ತೋರಿಸತ್ತೆ ಅಂತ.

2011ರಲ್ಲಿ ನಮ್ಮಮ್ಮ ಮೈಸೂರಿಂದ ಬಂದಿದ್ರು. ಗಂಡು ಹೆಣ್ಣು ಅಷ್ಟು ಹತ್ತಿರ ಕುಣಿಯೋದು ನೋಡಿ ಮೊದಲೆರಡು ವಾರ ಸ್ವೆಟರ್ ಹೆಣಿಯೋ ಕಡೆ ಕಣ್ಣಿಟ್ಟು ಕೂತಿರೋರು. ಒಂದು ವಾರ ಮ್ಯಾಕ್ಸ್, ಕರ್ಸ್ಟಿ ಆಲಿದು ರುಂಬಾ. ಮಧ್ಯದಲ್ಲಿ ಮ್ಯಾಕ್ಸ್‌ನ ತೊಡೆ ಕೈಕೊಟ್ಟು ಅವನು ಕುಸಿದ, ಅವನ ಜೊತೆ ಆಕೆನೂ ಬಿದ್ರು, ಲೈವ್ ಶೋ, ಕೋಟಿ ಜನ ನೋಡ್ತಿದಾರೆ. ಬಿದ್ದಿದ್ದು ಪ್ರೊಫೆಷನಲ್, ಕಲಿಯೋರಲ್ಲ. ಇಬ್ರೂ ಎದ್ದು, ಹಾಡಲ್ಲಿ ಎಲ್ಲಿದೀವಿ ಅಂತ ಹುಡುಕಿಕೊಂಡು, ಮುಗಿಸಿದ್ರು. ಅಮ್ಮ ಹೆಣಿಗೆ ಪಕ್ಕಕ್ಕಿಟ್ಟು, ‘ಪಾಪ ಆ ಹುಡುಗ, ತಾನು ಬಿದ್ದಿದ್ದಕ್ಕಿಂತ ಆಯಮ್ಮನ ಡ್ಯಾನ್ಸ್ ಕೆಡ್ತಲ್ಲ ಅಂತ ಮುಖ ಹೇಗೆ ಮಾಡ್ಕೊಂಡಿದಾನೆ ನೋಡು’ ಅಂದ್ರು. ಅಲ್ಲಿಂದ ಮುಂದೆ ಪ್ರತಿ ಸೋಮವಾರ ಅವರೇ ಮೊದಲು ಟೀವಿ ಮುಂದೆ ಬಂದು ಕೂರೋರು.

ಅವನ ಕೋಪದ ಬಗ್ಗೆನೂ ಹೇಳ್ಬೇಕು, ಬಿಟ್ಟರೆ ತಪ್ಪಾಗತ್ತೆ. ಅದೇ 2011ರ ಕೊನೆಯಲ್ಲಿ ಫುಟ್‌ಬಾಲ್ ಗೋಲ್‌ಕೀಪರ್ ಹೋಪ್ ಸೋಲೋ ಅವನ ಜೋಡಿ. ಜಡ್ಜ್ ಲೆನ್ ಗುಡ್‌ಮನ್ ಕಟುವಾಗಿ ಮಾತಾಡಿದ್ರು, ಮ್ಯಾಕ್ಸ್ ಎದುರು ಮಾತಾಡಿದ. ಲೆನ್ ಅವರು ತಮಗೆ ಈ ವೃತ್ತಿಯಲ್ಲಿ ಐವತ್ತು ವರ್ಷದ ಹತ್ರ ಅನುಭವ ಇದೆ ಅಂದಾಗ, ಹಾಗಾದ್ರೆ ಬಿಡೋ ಸಮಯ ಬಂದಿರಬಹುದು ಅನ್ನೋ ಅರ್ಥದಲ್ಲಿ ಉತ್ತರ ಕೊಟ್ಟ. ನನಗೆ ಅದು ಇಷ್ಟ ಆಗ್ಲಿಲ್ಲ. ಲೆನ್ ಹಿರಿಯರು, ತಾವೂ ಇಂಗ್ಲೆಂಡಲ್ಲಿ ಡ್ಯಾನ್ಸ್ ಸ್ಕೂಲ್ ನಡೆಸಿದವರು, ಒಬ್ಬ ಮೇಷ್ಟ್ರು ಇನ್ನೊಬ್ಬ ಮೇಷ್ಟ್ರಿಗೆ ಹಾಗೆ ಅನ್ನಬಾರದಿತ್ತು. ಆದ್ರೆ ಸಿಟ್ಟು ಎಲ್ಲಿಂದ ಬಂತು ಅನ್ನೋದು ನನಗೆ ಅರ್ಥ ಆಗತ್ತೆ. ಅವತ್ತು ಅವನ ಬಗ್ಗೆ ಮಾತಾಡಿದ್ದಕ್ಕಲ್ಲ, ಅವನ ಸ್ಟೂಡೆಂಟ್ ಬಗ್ಗೆ ಮಾತಾಡಿದ್ದಕ್ಕೆ ಅವನು ಸಿಡಿದಿದ್ದು. ವಾರವೆಲ್ಲ ಆ ಹುಡುಗಿ ಪಟ್ಟ ಪಾಡು ನೋಡಿದವನು ಅವನೊಬ್ಬನೇ.

ಇಷ್ಟೆಲ್ಲ ಆದ್ರೂ ಟ್ರೋಫಿ ಇಲ್ಲ. ಹದಿಮೂರು ಸೀಸನ್ ಕುಣಿದ, ಒಂದೂ ಗೆಲ್ಲಲಿಲ್ಲ. ಜೊತೆಗೆ ಬಂದವರು, ಹಿಂದೆ ಬಂದವರು ಗೆದ್ರು. ಅವನ ತಮ್ಮ ವ್ಯಾಲ್, ಸ್ಯಾಡಲ್ ಬ್ರೂಕ್‌ನ ಅದೇ ಸ್ಕೂಲಲ್ಲಿ ಬೆಳೆದು ಅಮೆರಿಕದ ಪರವಾಗಿ ಜೂನಿಯರ್ ವಿಶ್ವ ಚಾಂಪಿಯನ್ ಆದವನು, 2011ರಲ್ಲಿ ಅದೇ ಶೋಗೆ ಬಂದ. 2013ರಲ್ಲಿ ಹದಿನಾರು ವರ್ಷದ ನಟಿ ಝೆಂಡಾಯಾ ಜೊತೆ ಎರಡನೇ ಸ್ಥಾನಕ್ಕೆ ಬಂದ, ಹೌದು ಈಗ ಇಷ್ಟು ದೊಡ್ಡ ಸ್ಟಾರ್ ಆಗಿರೋ ಅದೇ ಝೆಂಡಾಯಾ. ಮ್ಯಾಕ್ಸ್ ಶೋ ಬಿಟ್ಟು ಹೋದ. 2014ರಲ್ಲಿ ಹದಿನೆಂಟನೇ ಸೀಸನ್‌ಗೆ ವಾಪಸ್ ಬಂದಾಗ ಜೋಡಿಯಾಗಿ ಸಿಕ್ಕಿದ್ದು ಮೆರಿಲ್ ಡೇವಿಸ್. ಆ ಫೆಬ್ರವರಿಯಲ್ಲಷ್ಟೇ ಸೋಚಿ ಒಲಿಂಪಿಕ್ಸ್‌ನಲ್ಲಿ ಚಾರ್ಲಿ ವೈಟ್ ಜೊತೆ ಐಸ್ ಡ್ಯಾನ್ಸ್ ಚಿನ್ನ ಗೆದ್ದಿದ್ದಳು, ಅಮೆರಿಕಕ್ಕೆ ಆ ವಿಭಾಗದಲ್ಲಿ ಅದೇ ಮೊದಲ ಚಿನ್ನ. ಚಾರ್ಲಿನೂ ಅದೇ ಸೀಸನ್‌ನಲ್ಲಿ ಎದುರಾಳಿ! ಹದಿನೇಳು ವರ್ಷ ಒಬ್ಬನ ಜೊತೆಗೇ ಐಸ್ ಮೇಲೆ ಕುಣಿದವಳು ಬೇರೆಯವನ ಕೈ ಹಿಡಿದು ನೆಲದ ಮೇಲೆ ಕುಣಿಯೋದು ಕಲೀಬೇಕು. ಐಸ್ ಮೇಲೆ ಜಾರಿದ್ರೆ ಹೆಜ್ಜೆ, ಮರದ ಫ್ಲೋರಲ್ಲಿ ಭಾರ ಒತ್ತಿದ್ರೆ ಹೆಜ್ಜೆ. ಆ ವ್ಯತ್ಯಾಸವನ್ನ ಅವನು ಹತ್ತು ವಾರದಲ್ಲಿ ಅವಳ ಮೈಗೆ ಹತ್ತಿಸಿದ. ಮೇ 20ರ ಫೈನಲ್‌ನಲ್ಲಿ ಎದುರಿಗಿದ್ದವರಲ್ಲಿ ಎರಡೂ ಕಾಲಿಲ್ಲದೆ ಕೃತಕ ಕಾಲಲ್ಲಿ ಕುಣಿದ ಏಮಿ ಪರ್ಡಿ ಇದ್ದಳು, ನಾನಂತೂ ಆಕೆಗೇ ಬರಬಹುದು ಅನ್ಕೊಂಡಿದ್ದೆ. ಹೆಸರು ಕರೆದಿದ್ದು ಮೆರಿಲ್, ಮ್ಯಾಕ್ಸ್ ಅಂತ. ಹದಿನಾಲ್ಕನೇ ಪ್ರಯತ್ನ. ಆಮೇಲೆ ಇನ್ನೂ ಮೂರು ಸೀಸನ್ ಕಲಿಸಿದ, ಒಟ್ಟು ಹದಿನೇಳು.

ಮಿಕ್ಕಿದ್ದೆಲ್ಲ ಬೇಗ ಹೇಳ್ತೀನಿ. ನ್ಯೂಯಾರ್ಕಿನ ಬ್ರಾಡ್‌ವೇ ರಂಗಮಂದಿರದಲ್ಲಿ ಕುಣಿದ, ತಮ್ಮನ ಜೊತೆ ಊರೂರು ಸುತ್ತಿ ಶೋ ಕೊಟ್ಟ, ಸ್ಟುಡಿಯೋಗಳಲ್ಲಿ ಪಾಲುದಾರನಾದ, ಅದೇ ಶೋದ ಡ್ಯಾನ್ಸರ್ ಪೇಟಾ ಮರ್ಗಟ್ರಾಯ್ಡ್‌ನ 2017ರಲ್ಲಿ ಮದುವೆಯಾದ. ಆಕೆನೂ ಹೊರಗಿಂದ ಬಂದವಳೇ, ನ್ಯೂಜಿಲೆಂಡ್‌ನಲ್ಲಿ ಹುಟ್ಟಿ ಆಸ್ಟ್ರೇಲಿಯಾದಲ್ಲಿ ಬೆಳೆದವಳು.

ಕೊನೆಯಲ್ಲಿ ಪ್ರಶ್ನೆ ಕೇಳಿ ಅಂದಾಗ ಹಿರಿಯರೊಬ್ರು ಕೇಳಿದ್ರು: ಇಲ್ಲೇ ಬೆಳೆದು ದೊಡ್ಡವನಾದ ಅಂದ್ರಿ, ಮತ್ತೆ ಆ ಊರಿನ ನೆನಪು ಇಟ್ಕೊಂಡಿದಾನಾ ಅಂತ. ನಾವೆಲ್ಲ ನಮಗೇ ಕೇಳ್ಕೊಳೋ ಪ್ರಶ್ನೆ ಅದು. ನಾನು 2022ರ ವಿಷಯ ಹೇಳಿದೆ. ಆ ಫೆಬ್ರವರಿಯಲ್ಲಿ ಮ್ಯಾಕ್ಸ್ ಕೀವ್‌ನಲ್ಲಿದ್ದ, ಅಲ್ಲಿನ ಟೀವಿಯ ಡ್ಯಾನ್ಸ್ ಶೋಗೆ ಜಡ್ಜ್ ಆಗಿ ಹೋಗಿದ್ದ. 24ನೇ ತಾರೀಕು ರಷ್ಯಾ ದಾಳಿ ಶುರುವಾಯ್ತು. ಸೈರನ್ ಕೂಗ್ತಿರೋ ಊರಿಂದ ಫೋನಲ್ಲಿ ವಿಡಿಯೋ ಮಾಡಿ ಮಾಡಿ ಹಾಕ್ತಿದ್ದ, ಕಣ್ಣು ಕೆಂಪಗಾಗಿರೋದು, ಮಾತು ನಿಂತು ನಿಂತು ಬರೋದು, ನಾನು ರಾತ್ರಿ ಪೂರ್ತಿ ನೋಡ್ತಾ ಕೂತಿದ್ದೆ. ಹೆಂಗಸರು ಮಕ್ಕಳು ತುಂಬಿ ತುಳುಕ್ತಿದ್ದ ರೈಲು ಹತ್ತಿ ಪೋಲೆಂಡ್‌ಗೆ ದಾಟಿ, ಅಮೆರಿಕಕ್ಕೆ ಬಂದು ಹೆಂಡತಿ ಮಗನನ್ನ ನೋಡಿದ. ಅಷ್ಟಕ್ಕೇ ನಿಲ್ಲಲಿಲ್ಲ, ಕೆಲವೇ ದಿನದಲ್ಲಿ ಮತ್ತೆ ಪೋಲೆಂಡ್‌ಗೆ ಹೋದ, ಗಡಿ ದಾಟಿ ಬರ್ತಿದ್ದವರಿಗೆ ಸಹಾಯ ಮಾಡೋಕೆ. ಆ ಕೆಲಸಕ್ಕೆ ಅಪ್ಪ ಮಕ್ಕಳು ಸೇರಿ ಒಂದು ಸಂಸ್ಥೆ ಕಟ್ಟಿದ್ರು.

ಅದರ ಹೆಸರು ಬಾರಾನೋವಾ 27. ಅದು ಒಡೆಸ್ಸಾದಲ್ಲಿ ಅವರಿದ್ದ ಮನೆಯ ವಿಳಾಸ, ಬೀದಿ ಹೆಸರು ಮತ್ತೆ ಡೋರ್ ನಂಬರ್.